ಅವ್ವನ ಮಂಚ, ಮಾದೇವಿಯ ಜಾವಳ

ಹಲೋ... ಹಲೋ, ಯಾರ್ರಿ ಮಾತಾಡೂದು? ಔರಂಗಾಬಾದ್ ಕಪಡಾ ದುಕಾನ ಹೌದಲ್ರಿ? ಮನ್ಮಥಪ್ಪನ್ನ ಕರೀರಿ. ನಾಶಿಕದಿಂದ ಅವನ ತಂಗಿ, ಕಾಶಿಬಾಯಿ. ಹಾಂ, ಹಿಡಕೊಂಡಿರ್ತೀನ್ರಿ.

... ಅಣ್ಣಾ? ನಾನೋ. ಇಲ್ಲ, ಯಾರೂ ಸತ್ತಿಲ್ಲ.

... ಹೇನು ಆಗ್ಯಾವ. ನಗಬ್ಯಾಡ. ಓಣಿ ತುಂಬ ಆಗ್ಯಾವ, ನಮ್ಮ ಮಾದೇವಿ ತಲಿಯಾಗ ಎಲ್ಲಾರಕಿಂತ ಹೆಚ್ಚು. ಕೆರದು ಕೆರದು ಹುಣ್ಣಾಗಿ ಕೂಸಿಗೆ ಜ್ವರಾ ಬಂದಾವ. ಕೂದಲಾ ತಗಸ್ರಿ ಅಂದ್ರು ದವಾಖಾನ್ಯಾಗ.

... ಹೆಂಗ ತಗಸಲಿ? ಜಾವಳಾ ಆಗಿಲ್ಲಲ್ಲ. ಸೋದರಮಾವ ಮೊದಲ ಕತ್ತರಿ ಹಚ್ಚದ ಯಾರು ಮುಟ್ಟಬೇಕು? ಇದ್ದಾಂವ ನೀ ಒಬ್ಬಾಂವ. ಅಕಿಗೆ ಐದು ತುಂಬಿದ್ವು, ನೀ ಇನ್ನೂ ಮಾರಿ ನೋಡಿಲ್ಲ.

... ಏನ್ ಮಾಡೂದು, ಮನಿ ಸಾಮಾನಿಗೇ ಔಷಧಾ ಮಾಡಿದೆ. ಕುರ್ಚಿಗೆ ಚಿಮಣಿ ಎಣ್ಣಿ ಒರಸಿದೆ. ಕೌದಿ ಕುದಿಸಿದೆ. ಗಾದಿ ಬಿಸಲಿಗೆ ಹಾಕಿದೆ. ಕಪಾಟಿನಾಗ ಡಿಡಿಟಿ ಪುಡಿ.

... ಗೊತ್ತದ. ಹೇನು ತಲಿ ಬಿಟ್ಟು ಕಟಗ್ಯಾಗ ಬದಕಂಗಿಲ್ಲ. ನರ್ಸಬಾಯಿನೂ ಅದನ್ನೇ ಹೇಳಿದ್ಲು. ತಲಿ ಮುಟ್ಟೂ ಹಂಗಿಲ್ಲ, ಸುಮ್ಮನ ಕುಂಡ್ರಲೇನು? ಕೈಗೆ ಸಿಕ್ಕಿದ್ದು ತೊಳದೆ.

... ಅವ್ವನ ಮಂಚಾ ಕೊಟ್ರ ಬರ್ತೀಯಾ? ಇನ್ನೂ ಅದನ್ನೇ ಹಿಡದು ಕುಂತೀಯಾ? ಅವ್ವ ನನ್ನ ಮನ್ಯಾಗ ಸತ್ತಳು, ಮಂಚಾ ಇಲ್ಲೇ ಉಳೀತು. ನಾ ಕಸಗೊಂಡಿಲ್ಲ.

... ಕೊಡೂದಿಲ್ಲ ಅನ್ನಲಿಲ್ಲೋ. ಮಂಚಾ ಇಲ್ಲಣ್ಣ. ಅದಕ್ಕೂ ಕುದಿಯೂ ನೀರು ಸುರುವಿದೆ, ದಿನಾ. ಸಂದು ಬಿಟ್ಟವು, ಹಲಗಿ ಸೀಳಿದ್ವು. ನಿನ್ನೆ ನಮ್ಮ ಮನಿಯವರು ಒಡದು ನೀರೊಲಿಗೆ ಹಾಕಿದ್ರು. ಅದೇ ನೀರಾಗ ಕೂಸಿನ ಮೈ ತೊಳದೆ. ಅಳೂನೂ ಬರಲಿಲ್ಲ ನನಗ.

... ಅಣ್ಣಾ?

... ಇದ್ದೀಯಲ್ಲ? ಬೈಯೂದಿದ್ರ ಬೈ.

... ಹಾಂ ಬಾಯಿ, ದೋನ್ ಮಿನಿಟ್. ಟೈಮಾತಂತ ಅಣ್ಣಾ, ಆಪರೇಟರ್ ಹೇಳಾಕತ್ತಾಳ. ಜಗಳಾಡಾಕ ಮಂಚಾನೂ ಉಳದಿಲ್ಲ ಈಗ. ಬರ್ತೀಯೋ ಇಲ್ಲೋ, ಅಷ್ಟು ಹೇಳು.

... ಕತ್ತರಿ ತರ್ತೀಯಾ? ಇಲ್ಲೇ ಅದ ಅಲ್ಲ, ಯಾಕ ತರ್ತೀ?

... ಅವ್ವಂದಾ? ಅವ್ವನ ಕತ್ತರಿ ನಿನ್ನ ಹತ್ರ ಅದ ಏನು? ಅಯ್ಯ ಶಿವನೇ, ಅದನ್ನ ನಾ ಎಲ್ಲೆಲ್ಲಿ ಹುಡಿಕೀನಿ.

... ಹೂಂ. ಹೂಂ. ನಾಳೆ ಮೊದಲ ಎಸ್ಟಿ ಬಸ್ಸಿಗೇ ಬಾ. ಬಂದ್ರ ಕೂಡಾಕ ಏನೂ ಇಲ್ಲ ನೋಡು, ಕುರ್ಚಿ ಗಿರ್ಚಿ ಎಲ್ಲಾ ಅಂಗಳದಾಗ ಅವ. ನೆಲದ ಮ್ಯಾಲೇ ಕೂಡು, ಅಕಿನ್ನ ತೊಡಿ ಮ್ಯಾಲೆ ಕುಂಡ್ರಿಸಿಕೊಂಡು... ಹಲೋ? ಅಣ್ಣಾ? ಹಲೋ...