ನಾಲ್ಕನೇ ಕಾಜಾ

ಬಚ್ಚಿಟ್ಕೊಳ್ಬೇಡಿ ಅಕ್ಕ, ಕೈ ಈಚೆ ತೆಗೀರಿ. ಆ ಏಪ್ರನ್ ಜೇಬಲ್ಲಿ ಏನು ನಿಧಿ ಇಟ್ಟಿದ್ದೀರಾ? ತೆಗೀರಿ ಅಂದ್ರೆ! ಎಲ್ಲರೂ ಊಟಕ್ಕೆ ಕೆಳಗೆ ಹೋಗಿದ್ದಾರೆ. ಮೇಲೆ ಇರೋದು ನೀವು, ನಾನು, ಆ ಇಸ್ತ್ರಿ ಪೆಟ್ಟಿಗೆ. ಅದು ಯಾರ ಹತ್ರಾನೂ ಬಾಯಿ ಬಿಡಲ್ಲ. ...ಹಾಂ, ಹಾಗೆ. ಮೇಜಿನ ಮೇಲಿಡಿ. ಬೆಳಕಿಗೆ ಇಡಿ, ಬೆಳಕಿಗೆ.

ಅಯ್ಯೋ ಅಯ್ಯೋ ಅಯ್ಯೋ... ಏನು ಚೆಂದ! ತೋರುಬೆರಳಿನ ತುದಿ ಗೆಣ್ಣಲ್ಲಿ ಒಂದು ಗಂಟು, ನಡುಬೆರಳಲ್ಲಿ ಎರಡು. ಈ ಕಿರುಬೆರಳು ನೋಡಿ, ಮಿಕ್ಕವರ ಜೊತೆ ಜಗಳ ಆಡಿದ ಹಾಗೆ ಆಚೆ ಮುಖ ಮಾಡ್ಕೊಂಡು ನಿಂತಿದೆ! ಮುಟ್ಲಾ? ಮುಟ್ತೀನಿ. ...ಕಲ್ಲು. ಒತ್ತಿದ್ರೆ ಒಳಗೆ ಹೋಗೋ ಬಾವಲ್ಲ ಇದು, ಮೂಳೆ. ಕೀಲು ಸವೆದು ಸವೆದು ಪಕ್ಕದಲ್ಲಿ ಮೂಳೆ ಮೊಳೆಯುತ್ತಂತೆ. ನನಗೆ ಗೊತ್ತಿಲ್ವಾ? ಡಾಕ್ಟರು ನಮ್ಮಮ್ಮನ ಕೈ ಹಿಡ್ಕೊಂಡು ಹೇಳ್ದಾಗ ಪಕ್ಕದಲ್ಲಿ ನಿಂತಿದ್ದವಳು ನಾನೇ. 'ನೋವು ಕಮ್ಮಿ ಆದ್ರೂ ಆಗ್ಬಹುದಮ್ಮ, ಗಂಟು ಮಾತ್ರ ಕರಗಲ್ಲ' ಅಂದ್ರು. ತಾಯಿಗಿದ್ರೆ ಮಗಳಿಗೂ ಬರಬಹುದು ಅಂತ ನನ್ನ ಕೈ ಕಡೆ ಒಂದು ನೋಟ ಬೇರೆ ನೋಡಿದ್ರು. ಇನ್ನೂ ಬಂದಿಲ್ಲ ನನಗೆ. ದಿನಾ ಬೆಳಗ್ಗೆ ಎದ್ದು ಒತ್ತಿ ನೋಡ್ಕೊಳ್ತೀನಿ.

ಯಾಕೆ ಕೈ ಎಳ್ಕೊಳ್ತೀರಿ? ನೋವಾಯ್ತಾ? ಪಾಪ. ಬೆಳಗ್ಗೆ ಮುಷ್ಟಿ ಕಟ್ಟೋಕೆ ಆಗಲ್ಲ, ಅಲ್ವಾ? ಬಾಟಲಿ ಮುಚ್ಚಳಕ್ಕೆ ಹಲ್ಲೇ ಗತಿ, ಅಲ್ವಾ? ಗೊತ್ತು. ಎಲ್ಲ ಗೊತ್ತು. ಆರು ತಿಂಗಳಿಂದ ನೋಡ್ತಾ ಇದ್ದೀನಿ. ಸೂಜಿಗೆ ದಾರ ಪೋಣಿಸೋವಾಗ ಗೋಡೆ ಕಡೆ ತಿರುಗ್ತೀರಿ. ಬೆರಳಿಗೆ ಹಾಕೋ ಲೋಹದ ಟೋಪಿ ಮೂರು ಸಲ ಬದಲಾಯ್ತು. ದೊಡ್ಡದು, ಅದಕ್ಕಿಂತ ದೊಡ್ಡದು, ಈಗ ಅದೂ ಗಂಟು ದಾಟಲ್ಲ ಅಂತ ಚರ್ಮದ ಚೂರು ಸುತ್ಕೊಂಡು ಕೂತಿದ್ದೀರಿ. ನಾನು ಒಂದು ಮಾತಾದ್ರೂ ಆಡಿದ್ನಾ? ಇಲ್ಲ. ಕಾದೆ. ಕಾಯೋದು ನನಗೆ ಚೆನ್ನಾಗಿ ಬರುತ್ತೆ.

ಏನಾದ್ರೂ ಹೇಳಿ. ...ಓಹೋ, ಬಾಯಲ್ಲಿ ಗುಂಡುಸೂಜಿ! ಸರಿ, ಸರಿ. ಇಪ್ಪತ್ತೆರಡು ವರ್ಷದಿಂದ ಇದೇ ನೆವ. ಏನು ಕೇಳಿದ್ರೂ ತುಟಿ ಮಧ್ಯೆ ಆರು ಗುಂಡುಸೂಜಿ. ಮದುವೆಯಲ್ಲಿ ನಿಂತಾಗಲೂ ಹೀಗೇ ನಿಂತಿದ್ರಾ? ...ನಗು ಬರ್ಲಿಲ್ವಾ? ಬರೋದು ಬೇಡ ಬಿಡಿ.

ಈಗ ಇದನ್ನ ನೋಡಿ. ನೋಡಿ ಅಂದೆ. ಇವತ್ತಿನ ಕಪ್ಪು ಕೋಟು. ನಾಲ್ಕು ಗುಂಡಿ, ಅವು ತೂರೋಕೆ ನಾಲ್ಕು ಕಾಜಾ. ಒಂದನೇ ಸೀಳು ಸರಿ. ಎರಡು, ಮೂರು, ಅಳತೆ ಅಂದ್ರೆ ಅಳತೆ. ನಾಲ್ಕನೇದು? ಚಾಕ್ ಗೆರೆ ದಾಟಿ ಇಷ್ಟುದ್ದ ಹರಿದಿದೆ! ದಾರ ಸುತ್ತಿ ಮುಚ್ಚೋಕಾಗುತ್ತಾ? ಆಗಲ್ಲ. ಹೊಲಿಗೆ ತಪ್ಪಿದ್ರೆ ಬಿಚ್ಚಬಹುದು, ಸೀಳು ತಪ್ಪಿದ್ರೆ ಮುಗೀತು. ಯಾರ ಮಾತು ಇದು? ನಿಮ್ಮದೇ! ಕೆಲಸಕ್ಕೆ ಬಂದ ಮೊದಲ ದಿನ ನನ್ನ ಕಿವಿ ಹಿಂಡಿ ಹೇಳಿದ್ದು.

ಈ ಕೋಟಿನ ಸೀಳು ಯಾರ ಕೆಲಸ? ದೊಡ್ಡಕ್ಕನ ಕೆಲಸ. ಈಗ ಇಲ್ಲಿ ಸೀಳೋಕೆ ನಿಮಗೆ ಬಿಟ್ರೆ ಇನ್ಯಾರಿಗೂ ಹಕ್ಕಿಲ್ಲ, ಅಂಗಡಿ ಯಜಮಾನ್ರೇ ಕೊಟ್ಟಿದ್ದು. ಎರಡು ಗಂಟೆಗೆ ಅವರು ಮೆಟ್ಟಿಲು ಹತ್ತಿ ಬರ್ತಾರೆ. ಆ ಮಂಡಿ ಇಟ್ಕೊಂಡು ಹದಿನೆಂಟು ಮೆಟ್ಟಿಲು ಹತ್ತೋಕೆ ಎಷ್ಟು ಹೊತ್ತು ಬೇಕೋ ಅಷ್ಟೇ ಹೊತ್ತು ನಿಮಗೆ ಉಳಿದಿರೋದು. ಬಂದ ತಕ್ಷಣ ನಾನೇನು ಮಾಡ್ತೀನಿ ಗೊತ್ತಾ? ಎಲ್ಲರ ಮುಂದೆ ಈ ಕೈ ಹಿಡಿದು ಮೇಲೆತ್ತುತ್ತೀನಿ. 'ನೋಡಿ ಯಜಮಾನ್ರೇ, ಶುಂಠಿ ಬೇರು! ಈ ಬೆರಳಲ್ಲಿ ಕೋಟು ಹೊಲಿಯೋಕಾಗುತ್ತಾ?' ಅಂತೀನಿ. ಎಲ್ಲೋ ಕೇಳಿದ ಮಾತು ಅನ್ನಿಸ್ತಾ ಇದ್ಯಾ? ಅನ್ನಿಸ್ಲಿ! ಒಂದಕ್ಷರ ಹೆಚ್ಚು ಕಮ್ಮಿ ಮಾಡಲ್ಲ ನಾನು. ನಮ್ಮಮ್ಮನ ಕೈ ಹಿಡಿದೆತ್ತಿ ನೀವು ಅಂದ ಮಾತು ಅದು. ಇಪ್ಪತ್ತೆರಡು ವರ್ಷದ ಹಿಂದೆ, ಇದೇ ಮೇಜು, ಇದೇ ಕಿಟಕಿ.

ಆ ದಿನದಿಂದ ನಮ್ಮಮ್ಮನ ಹೆಸರೇ ಶುಂಠಿ ಆಯ್ತು. ಬೀದೀಲಿ ಹೋದ್ರೆ ಶುಂಠಿ, ತರಕಾರಿ ಅಂಗಡೀಲಿ ಶುಂಠಿ. ಇಡೀ ಬೀದಿಗೆ ಅವಳಷ್ಟು ನೀಟಾಗಿ ಕಾಜಾ ಮಾಡೋರು ಇರ್ಲಿಲ್ಲ ಅಕ್ಕ. ಅವಳ ಕಾಜಾ ಮೇಲೆ ಕಣ್ಣು ಮುಚ್ಚಿ ಬೆರಳಾಡಿಸಿದ್ರೆ ಎಲ್ಲಿ ಶುರು ಎಲ್ಲಿ ಮುಗಿದಿದ್ದು ಗೊತ್ತಾಗ್ತಿರ್ಲಿಲ್ಲ. ಅಂಥವಳು ಸಾಯೋವರೆಗೂ ಎಂಟು ವರ್ಷ ಮನೇಲಿ ಕಿಟಕಿ ಪಕ್ಕ ಕೂತು, ಕೈ ಬಿಚ್ಚೋದು, ಮಡಚೋದು. ಬಿಚ್ಚೋದು, ಮಡಚೋದು. ಬೆಳಗ್ಗೆ ಅವಳ ರವಿಕೆ ಗುಂಡಿ ನಾನು ಹಾಕ್ಬೇಕಿತ್ತು. ಕೆಲಸಕ್ಕೆ ಹೊರಡೋ ಅವಸರ, ಅವಳು ಮಗು ಥರ ಕತ್ತು ಎತ್ತಿ ನಿಲ್ತಿದ್ಲು. ಸಾವಿರಾರು ಕಾಜಾ ಮಾಡಿದವಳಿಗೆ ಒಂದು ಗುಂಡಿ ಹಾಕ್ಕೊಳ್ಳೋಕೆ ಬರ್ತಿರ್ಲಿಲ್ಲ. ಒಂದೊಂದು ಗುಂಡಿಗೂ ನಿಮ್ಮನ್ನ ಬೈದಿದ್ದೀನಿ ನಾನು. ಬಾಯಿಬಿಟ್ಟು ಅಲ್ಲ, ಮನಸ್ಸಲ್ಲಿ. ದಿನಾ ಐದು ಗುಂಡಿ, ಐದು ಶಾಪ.

ಅವಳು ಮಾತ್ರ ನಿಮ್ಮ ಮೇಲೆ ಒಂದು ಮಾತಾಡ್ಲಿಲ್ಲ. ಅದಕ್ಕೇ ನನಗೆ ಇನ್ನೂ ಉರಿ! 'ದೊಡ್ಡಕ್ಕ ಹೆಂಗಿದ್ದಾಳೆ? ನಿಂಗೆ ಕೆಲಸ ಕಲಿಸ್ತಾ ಇದ್ದಾಳಾ?' ಅಂತ ಕೇಳ್ತಿದ್ಲು. ಕಲಿಸ್ತಾ ಇದ್ರಿ, ಹೂಂ. ಸ್ಕೇಲಲ್ಲಿ ಎಡಗೈ ಮೇಲೆ ಹೊಡೆದು ಹೊಡೆದು ಕಲಿಸಿದ್ರಿ. 'ಎಡಚಿ, ನಿನ್ನ ಕತ್ತರಿ ಯಾಕೆ ಹಿಂದು ಮುಂದಾಗಿ ಓಡುತ್ತೆ? ಎಲ್ಲರದ್ದೂ ಒಳಗಿಂದ ಅಂಚಿಗೆ ಬಂದ್ರೆ ನಿಂದು ಅಂಚಿಂದ ಒಳಕ್ಕೆ ನುಗ್ಗುತ್ತಲ್ಲೇ!' ಎಲ್ಲರೂ ನಗ್ತಿದ್ರು. ನಾನೂ ನಗ್ತಿದ್ದೆ, ಇನ್ನೇನು ಮಾಡ್ಲಿ?

ಏನು? ಯಾಕೆ ಹಾಗೆ ನೋಡಿದ್ರಿ? ...ಅಮ್ಮನ ಕೆಲಸ ಹೋಯ್ತಲ್ಲ, ಆ ಬೂದು ಕೋಟಾ? ಅದರ ಕಥೆ ನಿಮಗೇ ಗೊತ್ತಲ್ಲ. ಅಮ್ಮ ಸೀಳಿದ್ಲು, ಬೆರಳು ಮಾತು ಕೇಳ್ಲಿಲ್ಲ, ಕತ್ತರಿ ಜಾರ್ತು. ಅದೂ ನಾಲ್ಕನೇದೇ. ನಾನೆಲ್ಲಿದ್ದೆ ಅಂತಾನಾ? ನಾನು... ದಾರ ತರೋಕೆ ಕೆಳಗೆ ಹೋಗಿದ್ದೆ. ಅವಳ ಬೆರಳು ಆ ದಿನ ತುಂಬಾ ಕೆಟ್ಟಿತ್ತು, ಅಷ್ಟು ಹೊತ್ತೂ ಆ ಮೂಲೆ ನಲ್ಲಿ ಹತ್ರ ಬಿಸಿನೀರಲ್ಲಿ ಕೈ ಇಟ್ಕೊಂಡು ಕೂತಿದ್ಲು, ನಾನು ನೋಡ್ತಾನೇ ಇದ್ದೆ, ಎದ್ದು ಬರೋಷ್ಟರಲ್ಲಿ...

ಬರೋಷ್ಟರಲ್ಲಿ ಅಂದ್ರೆ, ಬಂದ ಮೇಲೆ. ಬಂದ ಮೇಲೆ ಸೀಳಿದ್ಲು. ಹತ್ತೊಂಬತ್ತು ವರ್ಷ ನನಗೆ ಆಗ, ಎಲ್ಲಾನೂ ಗಡಿಯಾರ ನೋಡ್ಕೊಂಡು ನೆನಪಿಟ್ಕೊಳ್ಳೋಕಾಗುತ್ತಾ? ಕೆಳಗೆ ಹೋದೆನೋ, ಹೋಗಿ ಬಂದಿದ್ನೋ... ನೀವು ಮಾತು ಬೇರೆ ಕಡೆ ತಿರುಗಿಸ್ಬೇಡಿ! ಒಂದು ಮಾತೂ ಆಡದೆ ಮಾತು ತಿರುಗಿಸ್ತೀರಲ್ಲ, ಅಬ್ಬಾ ನಿಮ್ಮ ಜಾಣತನ! ನಾವು ಮಾತಾಡ್ತಾ ಇರೋದು ಇವತ್ತಿನ ಕೋಟು. ನಿಮ್ಮ ಕೈ ಹಾಳು ಮಾಡಿದ ಕೋಟು.

ಹೂಂ, ನೋಡ್ಕೊಳ್ಳಿ. ಹತ್ರ ಹಿಡಿದು ನೋಡ್ಕೊಳ್ಳಿ, ನಿಮ್ಮದೇ ಕೆಲಸ. ಕನ್ನಡಕ ಬೇಕಾ? ...ಬೆರಳಲ್ಲಿ ಸವರಿ ನೋಡೋಕೇನಿದೆ? ಬೆಳಗ್ಗೆ ಹನ್ನೊಂದಕ್ಕೆ ಸೀಳಿದ್ರಿ, ಆಮೇಲೆ ಬಿಸಿನೀರಿಗೆ ಎದ್ದು ಹೋದ್ರಿ. ಎಲ್ಲರೂ ನೋಡಿದ್ದಾರೆ. ಇಲ್ಲಪ್ಪ, ಮೂರೇ ಸೀಳಿ ಎದ್ದೆ ಅಂತೀರಾ? ಯಾರು ನಂಬ್ತಾರೆ? ಈ ಕೈ ನೋಡಿದ ಮೇಲೆ ಯಾರು ನಂಬ್ತಾರೆ ಹೇಳಿ! ಅಂದು ನಂಬಿದ್ರಾ?

ಯಾಕೆ ಸೂಜಿ ತೆಗೀತಾ ಇದ್ದೀರಿ? ...ಒಂದು. ...ಎರಡು. ಆಹಾ, ಕೊನೆಗೂ ದೊಡ್ಡಕ್ಕನ ಬಾಯಿ ಬರಿದಾಗ್ತಾ ಇದೆ! ಹೇಳಿ, ಹೇಳಿ. ಬೇಡ್ಕೊಳ್ಳಿ. 'ಯಜಮಾನ್ರಿಗೆ ಹೇಳ್ಬೇಡ ಮಗಳೇ' ಅನ್ನಿ. ಆ ಒಂದು ಮಾತಿಗೆ ಇಪ್ಪತ್ತೆರಡು ವರ್ಷ ಕಾದಿದ್ದೀನಿ. ...ಆರು. ಆಯ್ತಲ್ಲ? ಹೇಳಿ ಈಗ.

ಹೇಳಿ.

ಏನು ಅದು? ಎಲ್ಲಿ ಬೆರಳಿಡ್ತಾ ಇದ್ದೀರಿ? ಸೀಳು ಜಾರಿದ್ದು ಅಲ್ಲಿ ಅಂತ ನನಗೂ ಕಾಣುತ್ತೆ. ಒಳಗಡೆ. ಒಳಗಡೆ ಜಾರಿದೆ, ಅದಕ್ಕೇನೀಗ? ಅಂಚಿನ ಕಡೆ...

...

ಅಂಚಿನ ಕಡೆ ಜಾರ್ಬೇಕಿತ್ತು. ನಿಮ್ಮ ಕತ್ತರಿ ಆಗಿದ್ರೆ.

ಹಾಗೆ ನೋಡ್ಬೇಡಿ ನನ್ನ. ಬೈದುಬಿಡಿ. ಸ್ಕೇಲ್ ತಗೊಳ್ಳಿ, ಅಲ್ಲೇ ಇದೆ, ಹೊಡೀರಿ! ಹೌದು, ನಾನೇ. ನೀವು ನಲ್ಲಿ ಹತ್ರ ಹೋದಾಗ ನಾನೇ ಸೀಳಿದ್ದು. ಬೇಕು ಅಂತಾನೇ. ನಿಮಗೂ ಹಾಗೇ ಆಗ್ಲಿ ಅಂತ, ನೀವೂ ಕಿಟಕಿ ಪಕ್ಕ ಕೂತು ಕೈ ಬಿಚ್ಚಿ ಮಡಚಲಿ ಅಂತ. ಅವಸರದಲ್ಲಿ... ಕೈ ತನ್ನ ಪಾಡಿಗೆ ತನ್ನ ದಾರಿ ಹಿಡೀತು. ನೀವು ಬಿಟ್ರೆ ಇನ್ಯಾರಿಗೂ ಇದು ಕಾಣಲ್ಲ. ಯಜಮಾನ್ರಿಗೆ ಕಾಣಲ್ಲ. ನಿಮಗೆ ಮಾತ್ರ...

ಅಕ್ಕ.

ಹಾಗಾದ್ರೆ ಆ ಬೂದು ಕೋಟು? ಅದನ್ನೂ ಹೀಗೇ ಹತ್ರ ಹಿಡಿದು ನೋಡಿದ್ರಿ ನೀವು. ನನಗೆ ನೆನಪಿದೆ, ಕಿಟಕಿ ಹತ್ರ ತಗೊಂಡು ಹೋಗಿ ನೋಡಿದ್ರಿ. ಅದೂ ಒಳಗಡೆಗೇ... ಅವತ್ತೇ ಗೊತ್ತಿತ್ತಾ ನಿಮಗೆ? ಇಲ್ಲ ಅನ್ನಿ. ಗೊತ್ತಿರ್ಲಿಲ್ಲ ಅಂತ ಒಂದು ಸಲ ಅಂದುಬಿಡಿ.

ಗೊತ್ತಿತ್ತು ನಿಮಗೆ.

ಮೂರು ಸೀಳು ಅಮ್ಮ ಮುಗಿಸಿದ್ಲು. ನಾಲ್ಕನೇದು ನಾನು ಮಾಡಿ ತೋರಿಸೋಣ ಅಂತ, ಅವಳ ಕೈ ನೋಯ್ತಿದ್ಯಲ್ಲ ಅಂತ... ಒಂದೇ ಒಂದು ಅಲ್ವಾ ಅಂತ. ಯಜಮಾನ್ರು 'ಯಾರ ಕೆಲಸ ಇದು?' ಅಂತ ಕಿರುಚಿದ್ರು ಅಕ್ಕ. ಹೇಳ್ತೀನಿ, ಇನ್ನೊಂದು ಕ್ಷಣ, ಹೇಳ್ತೀನಿ ಅಂತಾನೇ ಇದ್ದೆ. ಅಷ್ಟರಲ್ಲಿ ನೀವು ಅವಳ ಕೈ ಹಿಡಿದೆತ್ತಿ...

ಎತ್ತಿದ್ರಾ? ನೀವಾ ಎತ್ತಿದ್ದು?

ಮಾತಾಡಿ. ಈಗಾದ್ರೂ ಮಾತಾಡಿ, ನಿಮ್ಮ ಕಾಲಿಗೆ ಬೀಳ್ತೀನಿ. ಅವಳೇ ಎತ್ತಿದ್ಲು, ಅಲ್ವಾ? ಒದ್ದೆ ಕೈ, ನೀರು ತೊಟ್ಟಿಕ್ತಾ ಇತ್ತು, ಮೊಣಕೈವರೆಗೂ ಇಳೀತಾ ಇತ್ತು. ಅದು ಹೇಗೆ ಮರೆತೆ ನಾನು? ಅವಳು ಸೀಳು ನೋಡಿದ್ಲು, ನನ್ನ ಎಡಗೈ ನೋಡಿದ್ಲು, ನಿಮ್ಮ ಮುಖ ನೋಡಿದ್ಲು. ಆಮೇಲೆ ತಾನೇ ಕೈ ಎತ್ತಿ ಹಿಡಿದ್ಲು. ಯಜಮಾನ್ರು ನಂಬ್ಲಿಲ್ಲ. ಆಗ ನೀವು... 'ಶುಂಠಿ ಬೇರು' ಅಂದಿದ್ದು ಅವರು ನಂಬಲಿ ಅಂತಾನಾ? ಇದಕ್ಕೇನಾ ಅವಳು ದಿನಾ ನಿಮ್ಮನ್ನ ಕೇಳ್ತಿದ್ದಿದ್ದು? ಇದಕ್ಕೇನಾ ನನ್ನ ಕತ್ತರಿ ಇಷ್ಟು ವರ್ಷ ದಿನಾ ಬೆಳಗ್ಗೆ ಮೇಜಿನ ಎಡಗಡೆ ಇರ್ತಿದ್ದಿದ್ದು? ನನ್ನ ಎಡಗೈನ ಅಣಕಿಸೋಕೆ ನೀವು ಇಡ್ತೀರಿ ಅಂದ್ಕೊಂಡಿದ್ದೆ.

ಎಂಟು ವರ್ಷ ಗುಂಡಿ ಹಾಕಿದೆ. ಅಷ್ಟು ಹತ್ರ ನಿಂತು ಹಾಕಿದೆ. ಅವಳೂ ಹೇಳ್ಲಿಲ್ಲ, ನಾನೂ ಹೇಳ್ಲಿಲ್ಲ.

...ಬಂದ್ರು. ಕೇಳಿಸ್ತಾ? ಕೆಳಗಿನ ಬಾಗಿಲು. ಊಟಕ್ಕೆ ಹೋದವರೂ ಹಿಂದೆಯೇ ಬರ್ತಾ ಇದ್ದಾರೆ. ನಾಲ್ಕು ಮೆಟ್ಟಿಲಾಯ್ತು, ನಿಂತ್ರು. ಉಸಿರು ತಗೊಳ್ತಾರೆ ಅಲ್ಲಿ. ಅಕ್ಕ, ಕೋಟು ಇತ್ತ ಕೊಡಿ. ಕೊಡಿ, ಮಡಚಿಡ್ತೀನಿ, ನಾಳೆ ಹೇಳೋಣ, ಏನಾದ್ರೂ ಹೇಳೋಣ, ಬಟ್ಟೆಯೇ ಕೆಟ್ಟದು ಅನ್ನೋಣ...

ಏನು ಮಾಡ್ತಾ ಇದ್ದೀರಿ? ಯಾಕೆ ಎದ್ರಿ?

ಬೇಡ. ಕೈ ಇಳಿಸಿ. ಬಾಗಿಲ ಕಡೆ ಹಾಗೆ ಹಿಡಿದು ನಿಲ್ಬೇಡಿ, ಅವರು ಬಂದ ತಕ್ಷಣ ಕಾಣೋದು ಅದೇ... ಅಕ್ಕ, ಇಳಿಸಿ ಅಂದೆ! ಅವಳೂ ಹೀಗೇ ನಿಂತಿದ್ಲು. ಇದೇ ಜಾಗ. ಇನ್ನೊಂದು ಸಲ ನನ್ನಿಂದ ನೋಡೋಕಾಗಲ್ಲ.

...ಬನ್ನಿ ಯಜಮಾನ್ರೇ. ಆ ಕೈ ನೋಡ್ಬೇಡಿ, ಅದಕ್ಕೆ ನೋವಿದೆ ಅಷ್ಟೇ, ಅದು ಏನೂ ಮಾಡಿಲ್ಲ. ಇಲ್ಲಿ ನೋಡಿ, ಈ ಕಡೆ. ಇದು ನನ್ನ ಎಡಗೈ. ಕೂತ್ಕೊಳ್ಳಿ, ಎರಡು ಕೋಟಿನ ಕಥೆ ಹೇಳ್ಬೇಕು.