ತನಕ್ವಿಲಳ ಉಣ್ಣೆದಾರ

…ಇಲ್ಲ ವೇಲಿಯಾ ಚಿಕ್ಕಮ್ಮ, ಅದು ನಿಜವಲ್ಲ! ಚಿಕ್ಕಂದಿನಲ್ಲಿ ನೀನೇ ಹೇಳುತ್ತಿದ್ದೆಯಲ್ಲ, ಎರಡೂವರೆ ಸಾವಿರ ವರ್ಷದ ಹಿಂದೆ ನಮ್ಮ ತಾರ್ಕ್ವೀನಿಯಾ ಊರಿನ ತನಕ್ವಿಲ್ ರೋಮಿನ ರಾಣಿಯಾದರೂ ಹೊಸಿಲು ದಾಟದೆ ಗಂಡನಿಗಾಗಿ ಉಣ್ಣೆ ನೂಲುತ್ತಾ ಕೂತಿದ್ದಳು ಅಂತ. ನೋಡಿದವರು ಯಾರು?… ನಗಬೇಡ, ಬಾಯಿ ತುಂಬ ಗುಂಡುಸೂಜಿ ಇಟ್ಟುಕೊಂಡಿದ್ದೀಯೆ, ನುಂಗಿಬಿಟ್ಟೀಯೆ!

ಆಯಿತು, ಅಲ್ಲಾಡುವುದಿಲ್ಲ. ಅಲ್ಲಾಡುವುದಾದರೂ ಹೇಗೆ? ಸೊಂಟದಿಂದ ಪಾದದವರೆಗೆ ಸೂಜಿ ಚುಚ್ಚಿ ಸ್ಟೂಲಿನ ಮೇಲೆ ನಿಲ್ಲಿಸಿದ್ದೀಯೆ. ಒಂದು ಷೂ ಬೇರೆ ಬಿಚ್ಚಿಸಿದ್ದೀಯೆ. ಮದುಮಗಳು ಪೂರ್ತಿ ಸಿಂಗಾರದಲ್ಲಿ ಕನ್ನಡಿ ನೋಡಿದರೆ ಕೇಡಂತೆ! ಕುಂಟು ಕೊಕ್ಕರೆಯಾಗಿದ್ದೇನೆ ನೋಡು.

ಅಯ್ಯೋ, ಆ ಉಣ್ಣೆದಾರ ಈಗಲೇ ಬೇಡ. ಗೊತ್ತು, ನನ್ನ ಅತ್ತೆಯಾಗುವವರು, ಇವಾನೊನ ಅಮ್ಮ, ಕಳಿಸಿದ್ದು. ಅವರ ಮನೆಯ ಸೊಸೆಯರೆಲ್ಲ ಉಡುಪಿನೊಳಗೆ ಕಟ್ಟಿಕೊಂಡದ್ದು, ಗಂಟು ಬಿಚ್ಚಬೇಕಾದವನು ಗಂಡ. 'ತನಕ್ವಿಲ್ ರಾಣಿಯೇ ಮನೇಲಿ ಕೂತು ನೂತಳು, ನಿನಗೇನಮ್ಮಾ ಮ್ಯೂಸಿಯಂ ಕೆಲಸ?' ಅಂದರು, ತಮ್ಮ ಮನೆಯ ಮೇಲಂತಸ್ತಿನಲ್ಲಿ ನಮಗಾಗಿ ಮಾಡಿಸಿದ ಅಡಿಗೆಮನೆ ತೋರಿಸುತ್ತಾ. ಹಳದಿ ಬಣ್ಣ ಬಳಿಸಿದ್ದಾರೆ. ನನ್ನನ್ನು ಕೇಳಿದರೇ? ಇಲ್ಲ. ಇವಾನೊ?… ಅವನು ಒಳ್ಳೆಯವನು. ಅಮ್ಮ ಹೇಳಿದ್ದಕ್ಕೆಲ್ಲ ಹೂಂಗುಟ್ಟುವಷ್ಟು ಒಳ್ಳೆಯವನು.

ಕೇಳಿಲ್ಲಿ. ಉಣ್ಣೆಯ ಮಾತು ಎಲ್ಲಿಂದ ಬಂತು ಗೊತ್ತೇ? ಅವಳ ಕಾಲ ಕಳೆದು ಐನೂರು ವರ್ಷವಾದ ಮೇಲೆ ಒಬ್ಬ ಪಂಡಿತ, ದೇವಸ್ಥಾನವೊಂದರಲ್ಲಿ ಅವಳು ಉಣ್ಣೆ ನೂತ ಕದಿರು ಇದೆ ಅಂದ. ಅವನು ಅಂದ ಅಂತ ಇನ್ನೊಬ್ಬ ಬರೆದ! ಅಲ್ಲೂ ಎರಡು ಹೆಸರು: ತನಕ್ವಿಲ್, ಗಾಯಾ. ಗಾಯಾ ಅಂದರೆ ರೋಮಿನ ಆದರ್ಶ ಗೃಹಿಣಿ. ಇಬ್ಬರು ಹೆಂಗಸರನ್ನು ಒಂದೇ ದಾರದಲ್ಲಿ ಬಿಗಿದರೋ ಏನೋ! ರಾಜರ ಚರಿತ್ರೆ ಬರೆದವರ ತನಕ್ವಿಲ್ ಬೇರೆಯೇ. ಪರದೇಶಿಯ ಮಗನೆಂದು ಈ ಊರು ಗಂಡನನ್ನು ಹೀಗಳೆದಾಗ, 'ಹೊರಡು, ರೋಮಿಗೆ ಹೋಗೋಣ' ಅಂದವಳು ಅವಳೇ. ಗಾಡಿಯಲ್ಲಿ ಹೋಗುವಾಗ ಹದ್ದೊಂದು ಅವನ ಟೋಪಿ ಹಾರಿಸಿ ಮತ್ತೆ ತಲೆಗೇ ಇಟ್ಟಾಗ, ರಾಜನಾಗುತ್ತೀ ಅಂತ ಶಕುನ ಓದಿದವಳೂ ಅವಳೇ. ಹದ್ದನ್ನು ನಾನು ನಂಬುವುದಿಲ್ಲ. ಬರೆದವನೇ 'ಹಿಗ್ಗಿದಳಂತೆ' ಅಂತ ನುಣುಚಿಕೊಂಡಿದ್ದಾನೆ. ಅದೂ ಶತಮಾನಗಳ ಮೇಲಿನ ಬರಹವೇ, ಒಪ್ಪಿದೆ. ಆದರೂ ಚಿಕ್ಕಮ್ಮ, ಗಾಡಿ ಹತ್ತಿದವಳನ್ನು ಬಿಟ್ಟು ಕದಿರು ಹಿಡಿದವಳನ್ನೇ ನೀವೆಲ್ಲ ನಮಗೆ ಯಾಕೆ ಹೇಳಿಕೊಟ್ಟಿರಿ?

…ಯಾಕೆ ಕೈ ನಿಲ್ಲಿಸಿದೆ? ಹಾಗೆ ನೋಡಬೇಡ. ನಾನು ಇತಿಹಾಸದ ಮಾತಾಡಿದೆ, ಅಷ್ಟೇ. ಮದುವೆ ಬೇಡ ಅಂದೆನೇ? ಯಾವಾಗ ಅಂದೆ? ಭಾನುವಾರ ಚರ್ಚು, ಆಮೇಲೆ ಊಟ… ನೆಂಟರಿಗೆ ಹಂಚುವ ಸಕ್ಕರೆ ಬಾದಾಮಿಯ ಪೊಟ್ಟಣಗಳನ್ನೂ ಕಟ್ಟಿಯಾಗಿದೆ. ಎಲ್ಲ ಆಗಿದೆ, ಎಲ್ಲ…

ಚಿಕ್ಕಮ್ಮ? ಅಂಚಿನ ಸೂಜಿ ಯಾಕೆ ಕೀಳುತ್ತಿದ್ದೀಯೆ? ಒಂದೊಂದಾಗಿ… ಸೊಂಟದ್ದೂ? ಹಾಗಾದರೆ… ಇಳಿದು ಹೊರಡಲೇ?

…ಒಂದು ಮಾತು ಮಾತ್ರ ಖಚಿತ. ಸಿಕ್ಕ ಮೂಲಗಳನ್ನೆಲ್ಲ ನಾನೇ ಕೂತು ಓದಿ ನೋಡಿದ್ದೇನೆ. ಹಾಗೆ ಹೊರಟ ತನಕ್ವಿಲ್ ತಿರುಗಿ ಈ ಊರಿಗೆ ಬಂದಳು ಅಂತ ಯಾರೂ ಬರೆದಿಲ್ಲ.