ಇನ್ನೊಬ್ಬಳು ಆಯೆನೋರ್

ಪ್ವಾತಿಯೆ ಊರಿನ ಪುರಸಭೆಯಲ್ಲಿ ಮಗುವಿನ ಹೆಸರು ಬರೆಸುವ ಸಾಲಿನಲ್ಲಿ, ನನ್ನ ಮುಂದೆ ಒಬ್ಬ ಅಳಿಯ, ಅವನ ಅತ್ತೆ.

“ಅಲಿಯೆನೋರ್ ಅಂತ ಈಗ ಯಾರಿಡ್ತಾರಪ್ಪ?”

“ನಮ್ಮೂರ ರಾಣಿ ಹೆಸರಲ್ವಾ ಅತ್ತೆ, ಒಂಬೈನೂರು ವರ್ಷದ್ದು. ಅವಳಮ್ಮ ಆಯೆನೋರ್. ಅದಕ್ಕೇ ಮಗಳನ್ನ ಲ್ಯಾಟಿನ್ನಲ್ಲಿ ‘ಅಲಿಯಾ ಆಯೆನೋರ್’, ಅಂದ್ರೆ ‘ಇನ್ನೊಬ್ಬಳು ಆಯೆನೋರ್’ ಅಂತ ಕರೆದ್ರಂತೆ.”

“ನನ್ನ ಮಗಳು ಆಯೆನೋರ್ ಹೆರಿಗೆಯಾದಾಗಿಂದ ಕಣ್ಣು ಬಿಟ್ಟಿಲ್ಲ. ಆಗ್ಲೇ ನಿನಗೆ ಇನ್ನೊಬ್ಬಳು ಬೇಕಾದ್ಲಾ?”

“ಹುಟ್ಟಿದ ಐದು ದಿನದೊಳಗೆ ಬರೆಸ್ಲೇಬೇಕಲ್ಲ, ಇವತ್ತೇ ಕೊನೆ. ಈ ಹೆಸರು ಹೆರಿಗೆಗೆ ಮೊದಲೇ ಅವಳೇ ಆರಿಸಿದ್ದು. ಆ ರಾಣಿಗೂ ತಾಯಿ ಬದುಕಿದ್ದಾಗ್ಲೇ ಇಟ್ಟಿದ್ದು. ಒಬ್ಬಳು ಇದ್ರೆ ತಾನೆ ಇನ್ನೊಬ್ಬಳು?”

ಮುದುಕಿ ಚರ್ಚಿನೊಳಗೆ ಮಾತಾಡುವಷ್ಟು ಮೆಲ್ಲಗೆ ಕೇಳಿದಳು: “ಒಂಬೈನೂರು ವರ್ಷದಿಂದ ಆ ತಾಯಿ ಮಗಳ ಹೆಸರಲ್ಲೇ ಇದ್ದಾಳಾ?”

“ಇದ್ದಾಳೆ.”

ಅವರ ಸರದಿ ಬಂತು. ಮುದುಕಿಯೇ ಮೊದಲು ಗುಮಾಸ್ತನ ಮೇಜಿನತ್ತ ಹೊರಟಳು.

“ವಾಡಿಕೆಯಂತೆ ಮಗು ಹೆಸರಿನ ಹಿಂದೆ ಅಜ್ಜಿ ಹೆಸರು, ನನ್ನದೂ ಬರೆಸು. ಮೂವರೂ ಒಂದೇ ಕಡೆ ಇರೋಣ.”